ಯಾವ ಬೆರಳು ಅಂತ ಬರೆಯಿರಿ

ಎಸ್ 61.211 ಎ.

ಇದು ಬಸ್ಸಿನ ನಂಬರ್ ಅಲ್ಲ, ಯಾರದ್ದೋ ಪಾಸ್‌ವರ್ಡೂ ಅಲ್ಲ. ಅಮೆರಿಕದಲ್ಲಿ ಒಬ್ಬ ಈರುಳ್ಳಿ ಹೆಚ್ಚುವಾಗ ಎಡಗೈಯ ತೋರುಬೆರಳು ಕೊಯ್ದುಕೊಂಡು ಡಾಕ್ಟರ ಹತ್ತಿರ ಓಡಿದರೆ ಅವನ ಕಡತಕ್ಕೆ ಬೀಳುವ ಸಂಖ್ಯೆ. ಬಿಡಿಸಿ ಓದಿದರೆ ಹೀಗೆ: ಬೆರಳಿನ ಚರ್ಮ ಸೀಳಿದ ಗಾಯ, ಒಳಗೆ ಗಾಜು ಮುಳ್ಳು ಏನೂ ಉಳಿದಿಲ್ಲ, ಎಡಗೈ, ತೋರುಬೆರಳು, ಉಗುರಿಗೆ ಏನೂ ಆಗಿಲ್ಲ, ಚಿಕಿತ್ಸೆ ನಡೆಯುತ್ತಾ ಇದೆ. ಬಲಗೈಯ ತೋರುಬೆರಳಾದರೆ 210. ಬಲಗೈ ನಡುಬೆರಳಾದರೆ 212. ಹೀಗೇ ಕಿರುಬೆರಳಿನ ತನಕ. ಹೆಬ್ಬೆರಳಿಗೆ ಬೇರೆಯೇ ಸಾಲು. ಗಾಯ ಮಾಗುವಾಗ ತೋರಿಸಲು ಹೋದರೆ ಕೊನೆಯ ಎ ಹೋಗಿ ಡಿ ಆಗುತ್ತದೆ.

2015ರ ಅಕ್ಟೋಬರ್ 1ರಿಂದ ಅಮೆರಿಕದ ಆಸ್ಪತ್ರೆಗಳಲ್ಲಿ ಐಸಿಡಿ-10 ಎಂಬ ಈ ಪಟ್ಟಿ ಕಡ್ಡಾಯವಾಯಿತು. ಅವರ ಆವೃತ್ತಿಯಲ್ಲಿ ಸುಮಾರು 70 ಸಾವಿರ ಸಂಖ್ಯೆಗಳಿವೆ. ಬಾತುಕೋಳಿ ಗುದ್ದಿದರೆ ಒಂದು ಸಂಖ್ಯೆ, ದನ ಕಚ್ಚಿದರೆ ಒಂದು, ದನ ಗುದ್ದಿದರೆ ಇನ್ನೊಂದು. ವಿಮಾನದ ಎಂಜಿನ್ ಒಳಗೆ ಎಳೆದುಕೊಂಡರೆ ಅದಕ್ಕೂ ಒಂದು ಉಂಟು! ಇದನ್ನೆಲ್ಲ ವಾಟ್ಸಾಪಿನಲ್ಲಿ ಹಂಚಿಕೊಂಡು ನಗುವವರು ಬೇಕಾದಷ್ಟು ಇದ್ದಾರೆ. ನಗು ಬರುವುದು ಸಹಜ ಬಿಡಿ. ಆದರೆ ನಗುವ ಮೊದಲು ಒಂದು ಪ್ರಶ್ನೆ. ನಮ್ಮೂರಲ್ಲಿ ಅಡಿಕೆ ಸುಲಿಯುವಾಗ ಬೆರಳು ಕೊಯ್ದುಕೊಂಡವರ ಲೆಕ್ಕ ಯಾರ ಹತ್ತಿರ ಉಂಟು?

ನಾನು ಬಿಇ ಮುಗಿಸಿ ಬೆಂಗಳೂರು ಸೇರಿದವ. ಇಂಥ ಸಂಖ್ಯೆಗಳು ಓಡಾಡುವ ಸಾಫ್ಟ್‌ವೇರ್ ಬರೆಯುವುದೇ ಕೆಲಸ. ಹುಟ್ಟಿ ಬೆಳೆದದ್ದು ಕೊಯಿಲದಲ್ಲಿ. ಗೊತ್ತಿಲ್ಲದವರಿಗೆ ಹೇಳುವುದಾದರೆ, ಉಪ್ಪಿನಂಗಡಿಯಿಂದ ಕಡಬಕ್ಕೆ ಹೋಗುವ ದಾರಿಯಲ್ಲಿ, ರಾಮಕುಂಜದ ಪಕ್ಕದ ಊರು. ಹಿಂದೆ ಪುತ್ತೂರು ತಾಲೂಕು, ಈಗ ಕಡಬ.

ಬೆಂಗಳೂರು, ಚೆನ್ನೈ, ಹೈದರಾಬಾದಿನಲ್ಲಿ ಮೆಡಿಕಲ್ ಕೋಡಿಂಗ್ ಎಂಬ ದೊಡ್ಡ ಉದ್ಯೋಗವೇ ಉಂಟು. ಅಮೆರಿಕದ ಡಾಕ್ಟರು ಬರೆದ ಟಿಪ್ಪಣಿ ಓದಿ ಅದಕ್ಕೆ ಸರಿಯಾದ ಸಂಖ್ಯೆ ಹಾಕುವ ಕೆಲಸ. ಮಾಡುವವರು ನಮ್ಮ ಹುಡುಗ ಹುಡುಗಿಯರೇ. ನರ್ಸಿಂಗ್ ಓದಿದವರು, ಬಿಎಸ್ಸಿ ಮಾಡಿದವರು, ಫಾರ್ಮಸಿಯವರು. ಪರೀಕ್ಷೆ ಕಟ್ಟಿ ಪಾಸಾಗಿ, ರಾತ್ರಿ ಪಾಳಿಯಲ್ಲಿ ಕೂತು, ಎಲ್ಲೋ ಟೆಕ್ಸಾಸಿನ ಒಬ್ಬನ ಗಾಯ ಚುಚ್ಚಿದ್ದೋ ಸೀಳಿದ್ದೋ ಎಂದು ತಲೆ ಕೆಡಿಸಿಕೊಳ್ಳುತ್ತಾರೆ. ಎಡ ಬಲ ತಪ್ಪಿದರೆ ಬಿಲ್ಲು ವಾಪಸ್ ಬರುತ್ತದೆ, ಮೇಲಿನವರು ಬೈಯುತ್ತಾರೆ. ಅದೇ ಹುಡುಗಿಯ ಅಮ್ಮ ಊರಲ್ಲಿ ಬೀಡಿ ಎಲೆ ಕತ್ತರಿಸುವಾಗ ಬೆರಳಿಗೆ ಕತ್ತರಿ ತಾಗಿಸಿಕೊಂಡರೆ ಅದು ಯಾವ ಪಟ್ಟಿಗೂ ಸೇರುವುದಿಲ್ಲ. ನಮ್ಮ ಮಕ್ಕಳಿಗೆ ಬೆರಳು ಎಣಿಸುವ ವಿದ್ಯೆ ಬರುವುದಿಲ್ಲ ಎಂದಲ್ಲ. ನಮ್ಮವರ ಬೆರಳು ಎಣಿಸಿ ಎಂದು ಯಾರೂ ಹೇಳಿಲ್ಲ, ಅಷ್ಟೆ.

ನಮ್ಮ ಕಡೆ ಬದುಕು ಇರುವುದೇ ಕೈಯಲ್ಲಿ. ಒಣಗಿದ ಅಡಿಕೆ ಸುಲಿಯಬೇಕು, ಅದು ಕತ್ತಿಯ ಬಾಯಿಗೆ ಬೆರಳು ಹತ್ತಿರ ಇಟ್ಟುಕೊಂಡೇ ಮಾಡುವ ಕೆಲಸ. ಮಿಷನ್ ಬಂದಿದೆ, ಬಂದ ಮೇಲೆ ಕತ್ತಿಯ ಗಾಯ ಕಡಿಮೆಯಾಗಿ ಬೆಲ್ಟಿಗೆ ಸಿಕ್ಕಿದ ಗಾಯ ಶುರುವಾಗಿದೆ. ರಬ್ಬರ್ ಟ್ಯಾಪಿಂಗ್ ಮಾಡುವವರು ಬೆಳಗಿನ ಜಾವದಲ್ಲಿ ತಲೆಗೆ ಲೈಟ್ ಕಟ್ಟಿಕೊಂಡು ಹರಿತದ ಕತ್ತಿ ಹಿಡಿಯುತ್ತಾರೆ. ಆಮೇಲೆ ಶೀಟ್ ಮಾಡುವ ರೋಲರ್. ಅದಕ್ಕೆ ಬೆರಳು ಸಿಕ್ಕಿದರೆ ಕೊಯ್ಯುವುದಲ್ಲ, ಜಜ್ಜುವುದು. ಹುಲ್ಲು ಹೊಡೆಯುವ ಮಿಷನ್, ತೆಂಗಿನಕಾಯಿ ಸುಲಿಯುವ ಕಬ್ಬಿಣ, ಸೊಪ್ಪು ಕಡಿಯುವ ಕತ್ತಿ, ಕೆಂಪುಕಲ್ಲು ಹೊರುವ ಕೈ, ಮನೆಯೊಳಗೆ ಮೆಟ್ಟುಕತ್ತಿ. ಅಡಿಕೆ ಮರದಿಂದ ಬಿದ್ದರೆ ಮರುದಿನ ಪೇಪರಿನಲ್ಲಿ ಬರುತ್ತದೆ. ಬೆರಳು ಕೊಯ್ದರೆ ಎಲ್ಲಿ ಬರಬೇಕು ಹೇಳಿ? ಬೇಲಿಯ ಬದಿಯ ಕಮ್ಯುನಿಸ್ಟ್ ಗಿಡದ ಎಲೆ ಜಜ್ಜಿ ರಸ ಹಿಂಡಿ, ಹಳೆ ಬಟ್ಟೆಯ ತುಂಡು ಸುತ್ತಿ, ಕೆಲಸ ಮುಂದುವರಿಸುವುದು. ಕೇಳಿದರೆ "ದಾಲ ಇಜ್ಜಿ" ಅನ್ನುತ್ತಾರೆ. ಏನಿಲ್ಲ ಅಂತ.

ನಮ್ಮಲ್ಲಿಗೆ ಅಡಿಕೆ ಸುಲಿಯಲು ಬರುವವರೊಬ್ಬರಿದ್ದಾರೆ. ಅಣ್ಣ ಎಂದೇ ಕರೆಯುವುದು. ಕೆಲವು ವರ್ಷಗಳ ಹಿಂದೆ ಊರಿಗೆ ಹೋದಾಗ ಅವರ ಎಡಗೈ ತೋರುಬೆರಳು ನೆಟ್ಟಗೆ ಕೋಲಿನ ಹಾಗೆ ನಿಂತಿತ್ತು.

"ಎಂತ ಆಯ್ತು ಅಣ್ಣ ಬೆರಳಿಗೆ?"

"ಎಂತ ಇಲ್ಲ ಮಾರಾಯ, ಆಗ ಸ್ವಲ್ಪ ತಾಗಿದ್ದು. ಗಾಯ ಒಣಗಿದೆ. ಮಡಚ್ಲಿಕ್ಕೆ ಮಾತ್ರ ಆಗುದಿಲ್ಲ."

ಆಸ್ಪತ್ರೆಯ ಚೀಟಿ ಇನ್ನೂ ಇಟ್ಟುಕೊಂಡಿದ್ದರು. ಮೂರು ಮಾತು ಬರೆದಿತ್ತು: ಕೈಗೆ ಗಾಯ, ಡ್ರೆಸ್ಸಿಂಗ್, ಟಿ.ಟಿ. ಯಾವ ಕೈ, ಇಲ್ಲ. ಯಾವ ಬೆರಳು, ಇಲ್ಲ. ಯಾವುದರಿಂದ ಆಯಿತು, ಅದೂ ಇಲ್ಲ. ಆಸ್ಪತ್ರೆಯ ಹೆಸರು ಬೇಡ. ಯಾವ ಊರಿನ ಚೀಟಿ ತೆಗೆದು ನೋಡಿದರೂ ಹೆಚ್ಚುಕಡಿಮೆ ಇದೇ ಇರುತ್ತದೆ.

ಈಗ ಐಸಿಡಿ ಪಟ್ಟಿ ತೆಗೆಯಿರಿ. ಮಣಿಕಟ್ಟು ಮತ್ತು ಕೈಯ ಗಾಯಗಳಿಗೆ ಎಸ್ 60ರಿಂದ ಎಸ್ 69ರ ತನಕ ಜಾಗ. ತರಚಿದರೆ, ಹೊಡೆತ ತಾಗಿ ನೀಲಿಗಟ್ಟಿದರೆ 60. ಚರ್ಮ ತೆರೆದುಕೊಂಡರೆ 61. ಎಲುಬು ಮುರಿದರೆ 62. ನರಕ್ಕೆ ಪೆಟ್ಟಾದರೆ 64. ಬೆರಳನ್ನು ಮಡಚುವ ಹುರಿಗೆ, ಅಂದರೆ ಸ್ನಾಯುರಜ್ಜಿಗೆ ಪೆಟ್ಟಾದರೆ 66. ಜಜ್ಜಿಹೋದರೆ 67. ತುಂಡಾಗಿ ಬಿದ್ದರೆ 68. ಅಣ್ಣನದ್ದು ಹೊರಗಿನಿಂದ ನೋಡಲು 61, ಒಳಗೆ ಇದ್ದದ್ದು 66. ಕತ್ತಿ ಚರ್ಮವನ್ನು ಮಾತ್ರ ಸೀಳಿರಲಿಲ್ಲ, ಹುರಿಯನ್ನೂ ಕಡಿದಿತ್ತು. ಮೇಲಿನ ಚರ್ಮ ತಾನಾಗಿ ಕೂಡಿಕೊಳ್ಳುತ್ತದೆ. ಕಡಿದ ಹುರಿ ತಾನಾಗಿ ಕೂಡುವುದಿಲ್ಲ, ಅದನ್ನು ಬೇಗನೆ ಆಪರೇಷನ್ ಮಾಡಿ ಹೊಲಿಯಬೇಕು. ತಡವಾದಷ್ಟೂ ಕಷ್ಟ.

61ಕ್ಕೂ 66ಕ್ಕೂ ಇರುವ ವ್ಯತ್ಯಾಸ ಗೊತ್ತಾಗಬೇಕಾದರೆ ಸ್ಕ್ಯಾನಿಂಗ್ ಬೇಡ. "ಬೆರಳು ಮಡಚಿ ನೋಡುವ" ಎಂದು ಕೇಳಿದರೆ ಸುಳಿವು ಸಿಗುತ್ತದೆ. "ಗಾಯ" ಎಂದು ಬರೆಯುವವನಿಗೆ ಕೇಳಬೇಕಾದ ಅಗತ್ಯ ಬೀಳುವುದಿಲ್ಲ. 61 ಬರೆಯಬೇಕೋ 66 ಬರೆಯಬೇಕೋ ಎಂದು ಆರಿಸಬೇಕಾದವನು ಕೇಳಲೇಬೇಕು. ಸಂಖ್ಯೆಯ ಮೊದಲ ಉಪಯೋಗ ಇದು. ಕಂಪ್ಯೂಟರಿಗಿಂತ ಮುಂಚೆ ಅದು ಬರೆಯುವವನ ಕಣ್ಣಿಗೆ ಬೇಕು.

ಎರಡನೆಯ ಉಪಯೋಗ ಎಣಿಕೆ. ಐಸಿಡಿ ಹುಟ್ಟಿದ್ದೇ ಎಣಿಸಲಿಕ್ಕೆ. 1893ರಲ್ಲಿ ಫ್ರಾನ್ಸಿನ ಜಾಕ್ ಬರ್ಟಿಲಾನ್ ಸಾವಿನ ಕಾರಣಗಳ ಪಟ್ಟಿಯೊಂದನ್ನು ಮುಂದಿಟ್ಟ. 1948ರಲ್ಲಿ ವಿಶ್ವ ಆರೋಗ್ಯ ಸಂಸ್ಥೆ ಅದನ್ನು ಕೈಗೆ ತೆಗೆದುಕೊಂಡು, ಆರನೆಯ ಪರಿಷ್ಕರಣೆಯಲ್ಲಿ ಸಾಯದವರ ಕಾಯಿಲೆ ಗಾಯಗಳನ್ನೂ ಸೇರಿಸಿತು. ಸತ್ತವರನ್ನು ಮಾತ್ರ ಎಣಿಸಿದರೆ ಸಾಲದು ಎಂದು ಜಗತ್ತಿಗೆ ಆಗಲೇ ಗೊತ್ತಾಗಿದೆ. ಅಂದರೆ ಇದು ಅಮೆರಿಕದವರ ಹುಚ್ಚು ಅಲ್ಲ. ಅವರು ಅದಕ್ಕೆ ಬಿಲ್ಲಿನ ಬಾಲ ಜೋಡಿಸಿದರು, ಅಷ್ಟೆ.

ಈ ಪಟ್ಟಿಯಲ್ಲಿ ನನಗೆ ತುಂಬಾ ಹಿಡಿಸಿದ್ದು ಇಪ್ಪತ್ತನೆಯ ಅಧ್ಯಾಯ. ಗಾಯ ಏನು ಎಂದಲ್ಲ, ಯಾವುದರಿಂದ ಆಯಿತು ಎಂದು ಹೇಳುವ ಅಧ್ಯಾಯ. ಕತ್ತಿಯಿಂದಾದರೆ ಡಬ್ಲ್ಯೂ 26. ಕರೆಂಟಿಲ್ಲದ ಕೈ ಉಪಕರಣದಿಂದಾದರೆ 27. ಮಿಷನಿನ ಕೈ ಉಪಕರಣಕ್ಕೆ 29. ಕೃಷಿ ಯಂತ್ರಕ್ಕೆ 30. ಮುಳ್ಳು, ಹರಿತದ ಎಲೆ ತಾಗಿದರೆ 60. ಅದರ ಹಿಂದೆ ಜಾಗಕ್ಕೊಂದು ಅಂಕಿ: ಮನೆಯಾದರೆ 0, ತೋಟ ಗದ್ದೆಯಾದರೆ 7. ಅದರ ಹಿಂದೆ ಏನು ಮಾಡುತ್ತಿದ್ದರು ಎಂಬುದಕ್ಕೊಂದು: ಕೂಲಿಗೆ ಅಥವಾ ಸಂಬಳಕ್ಕೆ ದುಡಿಯುತ್ತಿದ್ದರೆ 2, ಸಂಬಳವಿಲ್ಲದ ಮನೆಗೆಲಸವಾದರೆ 3. ನೋಡಿ, ಮೆಟ್ಟುಕತ್ತಿಯಲ್ಲಿ ಹಲಸಿನಕಾಯಿ ಕೊಚ್ಚುವ ಅಮ್ಮನದ್ದೂ ಕೆಲಸವೇ ಎಂದು ಒಪ್ಪಿಕೊಂಡ ಪಟ್ಟಿ ಇದು! ನಮ್ಮ ಎಷ್ಟು ಸರಕಾರಿ ಅರ್ಜಿಗಳು ಇದನ್ನು ಒಪ್ಪಿಕೊಂಡಿವೆ?

ನಮ್ಮಲ್ಲಿ ಪಟ್ಟಿ ಮಾಡುವ ಅಭ್ಯಾಸವೇ ಇಲ್ಲ ಎಂದು ಹೇಳುವ ಹಾಗಿಲ್ಲ. ಕಾಯಿಲೆಗಳ ಕಣ್ಗಾವಲಿಗೆ ಸರಕಾರಿ ಡಾಕ್ಟರು ತುಂಬುವ ಫಾರಂನಲ್ಲಿ ಡೆಂಗಿ, ಮಲೇರಿಯಾ, ಇಲಿಜ್ವರಗಳ ಜೊತೆ ನಾಯಿ ಕಚ್ಚಿದ್ದಕ್ಕೂ ಹಾವು ಕಚ್ಚಿದ್ದಕ್ಕೂ ಒಂದೊಂದು ಸಾಲು ಉಂಟು. 2024ರಲ್ಲಿ ಕರ್ನಾಟಕ ಸರಕಾರ ಹಾವಿನ ಕಡಿತವನ್ನು ಕಡ್ಡಾಯವಾಗಿ ವರದಿ ಮಾಡಬೇಕಾದ ಪಟ್ಟಿಗೆ ಸೇರಿಸಿತು. ಒಳ್ಳೆಯ ಕೆಲಸ. ಎಣಿಸಿದರೆ ಎಲ್ಲಿ ಎಷ್ಟು ಔಷಧಿ ಇಡಬೇಕು ಎಂದು ಗೊತ್ತಾಗುತ್ತದೆ. ಹಾವಿಗೆ ಸಿಕ್ಕಿದ ಸಾಲು ಕತ್ತಿಗೆ ಯಾಕಿಲ್ಲ?

ಇನ್ನೊಂದು ಪಟ್ಟಿ ನಮ್ಮೂರಿಗೇ ಸಂಬಂಧಪಟ್ಟದ್ದು. ಕೊಯಿಲ ಎಂದರೆ ಹೊರಗಿನವರಿಗೆ ನೆನಪಾಗುವುದು ಸರಕಾರಿ ಜಾನುವಾರು ಫಾರ್ಮ್, ಪಶುವೈದ್ಯಕೀಯ ಕಾಲೇಜು. ಈಗ ದೇಶದಾದ್ಯಂತ ದನಗಳ ಕಿವಿಗೆ 12 ಅಂಕಿಯ ಬಿಲ್ಲೆ ಹಾಕುತ್ತಾರೆ. ಕಾಲುಬಾಯಿ ರೋಗದ ಚುಚ್ಚುಮದ್ದು ಯಾವಾಗ ಕೊಟ್ಟದ್ದು ಎಂದು ಆ ನಂಬರಿನ ಮೇಲೆ ದಾಖಲಾಗುತ್ತದೆ. ನನಗೆ ದನದ ಮೇಲೆ ಹೊಟ್ಟೆಕಿಚ್ಚು ಇಲ್ಲ, ನಮ್ಮ ಹಟ್ಟಿಯ ದನಕ್ಕೂ ಬಿಲ್ಲೆ ಉಂಟು. ಆದರೆ ಆ ದನಕ್ಕೆ ಹುಲ್ಲು ಕೊಯ್ಯುವಾಗ ಬೆರಳು ಕೊಯ್ದುಕೊಂಡವರ ಗಾಯಕ್ಕೆ ಒಂದು ಅಂಕಿಯೂ ಇಲ್ಲ.

ಮನುಷ್ಯರ ಬೆರಳು ಸರಕಾರಕ್ಕೆ ಬೇಡವೇ ಬೇಡ ಎಂದೂ ಅಲ್ಲ. ಆಧಾರಿಗೆ ಹತ್ತೂ ಬೆರಳು ಬೇಕು. ರೇಷನ್ ಅಂಗಡಿಯಲ್ಲಿ ಅಕ್ಕಿ ಕೊಡಲು ಬೆರಳೊತ್ತಬೇಕು. ಬೀಡಿ ಕಟ್ಟಿ ಸವೆದ ಬೆರಳು, ಕತ್ತಿ ತಾಗಿ ಕಲೆಯಾದ ಬೆರಳು ಮಿಷನಿಗೆ ಗುರುತು ಸಿಗದೆ ಮುದುಕಿಯರು ನಾಲ್ಕು ಸಲ ಕೈ ಒರೆಸಿ ಒತ್ತುವುದನ್ನು ನೀವೂ ನೋಡಿರುತ್ತೀರಿ. ಬೆರಳು ಸರಿಯಾಗಿದ್ದರೆ ಲೆಕ್ಕಕ್ಕೆ ಬೇಕು, ಹಾಳಾದರೆ ಯಾಕೆ ಹಾಳಾಯಿತು ಎಂಬ ಲೆಕ್ಕ ಬೇಡ. ಇದು ಯಾವ ನ್ಯಾಯ ಮಾರಾಯ್ರೆ?

ಕಾನೂನಿಗೂ ಬೆರಳು ಗೊತ್ತು. ಎಷ್ಟು ಗೊತ್ತು ಎಂದರೆ ಗೆಣ್ಣು ಗೆಣ್ಣು ಗೊತ್ತು. 1923ರ ಕಾರ್ಮಿಕರ ಪರಿಹಾರ ಕಾಯಿದೆಯ ಪಟ್ಟಿ ತೆಗೆದು ನೋಡಿ. ಹೆಬ್ಬೆರಳು ಹೋದರೆ ದುಡಿಯುವ ಶಕ್ತಿಯಲ್ಲಿ ಶೇಕಡಾ 30 ನಷ್ಟ. ತೋರುಬೆರಳು ಪೂರ್ತಿ ಹೋದರೆ 14, ಎರಡು ಗೆಣ್ಣು ಹೋದರೆ 11, ಒಂದು ಹೋದರೆ 9, ಎಲುಬು ಉಳಿದು ತುದಿ ಮಾತ್ರ ಹೋದರೆ 5. ನಡುಬೆರಳು 12. ಉಂಗುರ ಬೆರಳು, ಕಿರುಬೆರಳು 7. ಈ ಕಾಯಿದೆಯನ್ನು 2020ರ ಸಾಮಾಜಿಕ ಭದ್ರತಾ ಸಂಹಿತೆಯೊಳಗೆ ಸೇರಿಸಿದ್ದಾರೆ. ನೂರು ವರ್ಷದ ಹಿಂದೆ ಬ್ರಿಟಿಷರ ಕಾಲದಲ್ಲೇ ಬೆರಳಿನ ಬೆಲೆ ಬರೆದಿಟ್ಟ ದೇಶ ನಮ್ಮದು. ಆದರೆ ಪರಿಹಾರ ಕೇಳಲು ಹೋದವನ ಕೈಯಲ್ಲಿ ಇರುವುದು "ಕೈಗೆ ಗಾಯ" ಎಂಬ ಚೀಟಿ. ಯಾವ ಬೆರಳು, ಎಷ್ಟನೆಯ ಗೆಣ್ಣು, ಕೆಲಸದಲ್ಲಿದ್ದಾಗಲೋ ಅಲ್ಲವೋ ಎಂದು ಆ ಚೀಟಿ ಹೇಳುವುದಿಲ್ಲ. ಕಾನೂನಿಗೆ ಬೇಕಾದ ವಿವರವನ್ನು ಆಸ್ಪತ್ರೆ ಬರೆಯದಿದ್ದರೆ ಕೂಲಿಯವನು ಎಲ್ಲಿಂದ ತರಬೇಕು?

ಅದೂ ಅಲ್ಲದೆ ಆ ಕಾಯಿದೆ ಕೃಷಿಯಲ್ಲಿ ಹೆಸರಿಸಿದ್ದು ಟ್ರ್ಯಾಕ್ಟರ್, ಕರೆಂಟಿನ ಯಂತ್ರಗಳಿಂದ ಮಾಡುವ ಕೆಲಸವನ್ನು. ಬರೀ ಕೈಯಲ್ಲಿ ಕತ್ತಿ ಹಿಡಿದು ಅಡಿಕೆ ಸುಲಿಯುವವರನ್ನು ಹೆಸರಿಸಿ ಸೇರಿಸಿ ಎಂದು ಕೇಳಬೇಕಾದರೆ, ಇಷ್ಟು ಜನಕ್ಕೆ ಇಂಥ ಗಾಯ ಆಗಿದೆ ಎಂದು ತೋರಿಸಬೇಕು. ತೋರಿಸಲು ಲೆಕ್ಕ ಬೇಕು. ಅಲ್ಲಿಗೆ ಮತ್ತೆ ಆ ಮೂರು ಮಾತಿನ ಚೀಟಿಯ ಹತ್ತಿರವೇ ಬಂದು ನಿಂತೆವು.

ಇನ್ನು ವಿಮೆ. ಆರೋಗ್ಯ ವಿಮೆಯ ಕ್ಲೇಮ್ ಫಾರಂನಲ್ಲಿ ಆಸ್ಪತ್ರೆಯವರು ಐಸಿಡಿ-10 ಸಂಖ್ಯೆ ಬರೆಯಲು ಜಾಗ ಇದೆ. ಅಂದರೆ ದುಡ್ಡಿನ ಪ್ರಶ್ನೆ ಬಂದಾಗ ನಮ್ಮಲ್ಲಿಯೂ ಸಂಖ್ಯೆ ಬರೆಯಲು ಬರುತ್ತದೆ. ಆದರೆ ಅದು ಹೆಚ್ಚಾಗಿ ಅಡ್ಮಿಟ್ ಆದವರಿಗೆ. ಆಯುಷ್ಮಾನ್ ಕಾರ್ಡ್ ಕೂಡಾ ಮುಖ್ಯವಾಗಿ ಒಳರೋಗಿಗಳದ್ದೇ. ಹೊರಗೆ ಸಾಲಿನಲ್ಲಿ ನಿಂತು ಬ್ಯಾಂಡೇಜ್ ಸುತ್ತಿಸಿಕೊಂಡು ಬಸ್ಸು ಹತ್ತುವವನು ಅಲ್ಲಿಯೂ ಲೆಕ್ಕಕ್ಕೆ ಸಿಕ್ಕುವುದಿಲ್ಲ.

ಈಗ ತಕರಾರುಗಳಿಗೆ ಬರುವ. ಈ ಮಾತು ತೆಗೆದಾಗೆಲ್ಲ ನನಗೆ ಸಿಕ್ಕಿದ ಉತ್ತರಗಳು ನಾಲ್ಕು.

ಒಂದು, "ಡಾಕ್ಟರಿಗೆ ಪುರುಸೊತ್ತು ಎಲ್ಲಿದೆ?" ನಿಜ. ಬೆಳಗ್ಗೆ ಜ್ವರದವರ ಸಾಲು, ಮಧ್ಯಾಹ್ನ ಮೀಟಿಂಗು, ಸಂಜೆ ಫಾರಂ. ಅವರ ತಲೆ ಮೇಲೆ 70 ಸಾವಿರ ಸಂಖ್ಯೆಯ ಪಟ್ಟಿ ಹೇರಿ ಎಂದು ನಾನು ಹೇಳುತ್ತಿಲ್ಲ. ಸಾಫ್ಟ್‌ವೇರ್ ಬರೆಯುವವನಾಗಿ ಹೇಳುತ್ತೇನೆ, ಸಂಖ್ಯೆ ಹುಡುಕುವುದು ಮನುಷ್ಯನ ಕೆಲಸವೇ ಅಲ್ಲ. ಎರಡು ಕೈಯ ಚಿತ್ರ ಇರಲಿ, ಗಾಯ ಆದಲ್ಲಿ ಒಂದು ಗುರುತು ಹಾಕಿ. ಕೆಳಗೆ ಹತ್ತು ಹನ್ನೆರಡು ಉಪಕರಣಗಳ ಚಿತ್ರ ಇರಲಿ: ಕತ್ತಿ, ಸುಲಿಯುವ ಮಿಷನ್, ರೋಲರ್, ಹುಲ್ಲಿನ ಮಿಷನ್. ಒಂದಕ್ಕೆ ಗುರುತು. ಕೂಲಿ ಕೆಲಸವೋ, ಸ್ವಂತದ್ದೋ, ಮನೆಗೆಲಸವೋ, ಇನ್ನೊಂದು ಗುರುತು. ಬ್ಯಾಂಡೇಜ್ ಸುತ್ತುವ ಸಿಸ್ಟರ್ ಕೂಡಾ ಇದನ್ನು ಮಾಡಬಹುದು. ಉಳಿದದ್ದು ಕಂಪ್ಯೂಟರ್ ನೋಡಿಕೊಳ್ಳುತ್ತದೆ. ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10ರಲ್ಲಿ ಎಡ ಬಲ ಇಲ್ಲ ಎನ್ನುವ ಕೊರತೆ ಉಂಟು. 2022ರಿಂದ ಜಾರಿಗೆ ಬಂದ ಐಸಿಡಿ-11ರಲ್ಲಿ ಅದನ್ನೂ ಬೇರೆ ಸಂಖ್ಯೆಯಾಗಿ ಜೋಡಿಸಬಹುದು. ಭಾರತ ಸರಕಾರದ 2016ರ ಆರೋಗ್ಯ ದಾಖಲೆ ಮಾನದಂಡದಲ್ಲಿ ಐಸಿಡಿಯ ಹೆಸರು ಆಗಲೇ ಇದೆ. ಕಾಗದದಲ್ಲಿ ಎಲ್ಲವೂ ಇದೆ, ಚೀಟಿಗೆ ಇಳಿದಿಲ್ಲ.

ಎರಡು, "ಅಮೆರಿಕದಲ್ಲಿ ಇದು ಬಿಲ್ಲು ಹೆಚ್ಚಿಸುವ ದಂಧೆ." ಒಪ್ಪಿದೆ. ಹತ್ತಿರದಿಂದ ನೋಡುತ್ತಿರುವವ ನಾನು. ಅಲ್ಲಿ ಸಂಖ್ಯೆಯ ಹಿಂದೆ ಇರುವುದು ಕರುಣೆ ಅಲ್ಲ, ದುಡ್ಡು. ಆ ದಂಧೆ ನಮಗೆ ಬೇಡ. ಆದರೆ ಬಡ್ಡಿ ಲೆಕ್ಕ ಹಾಕುವವನು ಗಣಿತ ಬಳಸುತ್ತಾನೆ ಎಂದು ಮಕ್ಕಳಿಗೆ ಮಗ್ಗಿ ಕಲಿಸದೆ ಬಿಡುತ್ತೇವಾ?

ಮೂರು, "ದಾಖಲೆ ಆದರೆ ಕೇಸು ಆಗ್ತದೆ." ಇದನ್ನು ಹೇಳುವವರು ತೋಟದ ಧಣಿಗಳು ಮಾತ್ರ ಅಲ್ಲ, ಗಾಯ ಆದವರೂ ಹೇಳುತ್ತಾರೆ. ಧಣಿಗೆ ತೊಂದರೆ ಆಗಬಾರದು, ನಾಳೆ ಕೆಲಸಕ್ಕೆ ಕರೆಯದಿದ್ದರೆ ಎಂಬ ಹೆದರಿಕೆಯಿಂದ "ಮನೆಯಲ್ಲಿ ಕಟ್ಟಿಗೆ ಒಡೆಯುವಾಗ ತಾಗಿದ್ದು" ಎನ್ನುತ್ತಾರೆ. ಇದು ಸುಲಭದ ಪ್ರಶ್ನೆ ಅಲ್ಲ. ಅದಕ್ಕೇ ಎಣಿಕೆಗೆ ಹೋಗುವ ಲೆಕ್ಕದಲ್ಲಿ ಹೆಸರು ಇರಬಾರದು, ಧಣಿಯ ಹೆಸರಂತೂ ಬೇಡವೇ ಬೇಡ. ಚೀಟಿ ರೋಗಿಯ ಕೈಯಲ್ಲಿ, ಬರೀ ಅಂಕಿ ಸರಕಾರದ ಕೈಯಲ್ಲಿ. ನಮ್ಮದೂ ಅಡಿಕೆ ತೋಟವೇ. ತೋಟದವರಿಗೆ ನಾನು ಹೇಳುವುದಿಷ್ಟು: ಲೆಕ್ಕ ಇದ್ದರೆ ಗಾರ್ಡ್ ಇರುವ ಮಿಷನಿಗೆ, ಕೈಗವಸಿಗೆ, ಕೂಲಿಯವರ ವಿಮೆಗೆ ಸಬ್ಸಿಡಿ ಕೇಳಲು ನಮಗೇ ಬಾಯಿ ಬರುತ್ತದೆ. ಎಲೆಚುಕ್ಕಿ ರೋಗಕ್ಕೆ ಎಷ್ಟು ತೋಟ ಹಾಳಾಯಿತು ಎಂದು ಲೆಕ್ಕ ಕೊಟ್ಟು ಪರಿಹಾರ ಕೇಳುವುದಿಲ್ಲವಾ? ಮರಕ್ಕೆ ಬಂದ ರೋಗ ಎಣಿಸಲು ಬರುತ್ತದೆ, ಅಡಿಕೆ ಸುಲಿದವನ ಗಾಯ ಎಣಿಸಲು ಬರುವುದಿಲ್ಲ ಎಂದರೆ ಹೇಗೆ?

ನಾಲ್ಕು, ಎಲ್ಲಕ್ಕಿಂತ ಕೆಟ್ಟದ್ದು: "ಅದೆಲ್ಲ ಸಣ್ಣ ಗಾಯ, ಬಿಡಿ."

ಯಾರಿಗೆ ಸಣ್ಣದು? ನನ್ನ ತೋರುಬೆರಳು ಕೊಯ್ದರೆ ಉಳಿದ ಒಂಬತ್ತರಲ್ಲಿ ಟೈಪ್ ಮಾಡುತ್ತೇನೆ. ಒಂದು ವಾರ ಮನೆಯಲ್ಲಿ ಕೂತರೂ ತಿಂಗಳ ಕೊನೆಗೆ ಸಂಬಳ ಬರುತ್ತದೆ. ಅಡಿಕೆ ಸುಲಿಯುವವರಿಗೆ ಕಿಲೋ ಲೆಕ್ಕ. ಬೀಡಿ ಕಟ್ಟುವವರಿಗೆ ಸಾವಿರದ ಲೆಕ್ಕ. ಬೆರಳು ಒಂದು ವಾರ ನಿಂತರೆ ಒಂದು ವಾರದ ಅಕ್ಕಿ, ಮೀನು, ಮಕ್ಕಳ ಬಸ್ ಪಾಸು ನಿಂತ ಹಾಗೆ. ಸಕ್ಕರೆ ಕಾಯಿಲೆ ಇದ್ದರೆ ಕೀವು ತುಂಬಿ ಬೆರಳೇ ಹೋಗಬಹುದು. ಅಣ್ಣ ಈಗಲೂ ಸುಲಿಯುತ್ತಾರೆ. ಬೆರಳು ಮಡಚದ ಕಾರಣ ಮೊದಲಿನ ವೇಗ ಇಲ್ಲ. ದಿನಕ್ಕೆ ಎಷ್ಟು ಕಿಲೋ ಕಡಿಮೆ ಆಯಿತು ಎಂದು ಅವರಿಗೆ ಗೊತ್ತು, ಅವರ ಹೆಂಡತಿಗೆ ಗೊತ್ತು. ಮೂರನೆಯವರಿಗೆ ಗೊತ್ತಿಲ್ಲ. ಗಾಯದ ಗಾತ್ರವನ್ನು ಹೊಲಿಗೆಯ ಲೆಕ್ಕದಲ್ಲಿ ಅಳೆದರೆ ಸಣ್ಣದು. ಕೂಲಿಯ ಲೆಕ್ಕದಲ್ಲಿ ಅಳೆಯಿರಿ, ಆಮೇಲೆ ಸಣ್ಣದೋ ದೊಡ್ಡದೋ ಹೇಳಿ.

ಆದ್ದರಿಂದ ನನ್ನ ಬೇಡಿಕೆ ದೊಡ್ಡದೇನಲ್ಲ. ಆರೋಗ್ಯ ಇಲಾಖೆ ಹೊರರೋಗಿ ಚೀಟಿಯಲ್ಲಿ ಮೂರು ಪ್ರಶ್ನೆಗೆ ಜಾಗ ಮಾಡಲಿ: ಯಾವ ಕೈಯ ಯಾವ ಬೆರಳು, ಯಾವುದರಿಂದ, ಯಾವ ಕೆಲಸದಲ್ಲಿ. ಮೊದಲು ಒಂದು ತಾಲೂಕಿನಲ್ಲಿ ಮಾಡಲಿ. ಕಡಬದಲ್ಲಿಯೇ ಆಗಲಿ, ಅಡಿಕೆ, ರಬ್ಬರ್, ಬೀಡಿ ಮೂರೂ ಇಲ್ಲಿವೆ. ಒಂದು ಅಡಿಕೆ ಸುಗ್ಗಿಯಿಂದ ಇನ್ನೊಂದು ಸುಗ್ಗಿಯ ತನಕ ಎಣಿಸಲಿ. ಬಂದ ಅಂಕಿಯನ್ನು ಗ್ರಾಮಸಭೆಯಲ್ಲಿ ಓದಿ ಹೇಳಲಿ. ಚಿತ್ರದ ಫಾರಂನ ಸಾಫ್ಟ್‌ವೇರ್ ಬೇಕಾದರೆ ಶನಿವಾರ ಭಾನುವಾರ ಕೂತು ದುಡ್ಡಿಲ್ಲದೆ ಬರೆದುಕೊಡಲು ನಾನು ತಯಾರು. ನನ್ನ ಹಾಗೆ ಊರಿಂದ ಬಂದ ಇನ್ನೂ ಹತ್ತು ಮಂದಿ ಸಿಕ್ಕುತ್ತಾರೆ.

ಇಲಾಖೆ ಮಾಡುವ ತನಕ ಓದುವ ನೀವು ಒಂದು ಕೆಲಸ ಮಾಡಬಹುದು. ಮುಂದಿನ ಸಲ ನಿಮ್ಮ ತೋಟದಲ್ಲಿ, ಅಡುಗೆಮನೆಯಲ್ಲಿ ಯಾರದ್ದಾದರೂ ಕೈಗೆ ಕತ್ತಿ ತಾಗಿ ಆಸ್ಪತ್ರೆಗೆ ಕರೆದುಕೊಂಡು ಹೋದಾಗ, ಬ್ಯಾಂಡೇಜ್ ಸುತ್ತುವ ಮೊದಲು "ಡಾಕ್ಟ್ರೇ, ಬೆರಳು ಮಡಚ್ತದಾ ಅಂತ ಒಮ್ಮೆ ನೋಡಿ" ಎನ್ನಿ. ಚೀಟಿ ಕೈಗೆ ಬಂದ ಮೇಲೆ ಓದಿ. "ಕೈಗೆ ಗಾಯ" ಎಂದಷ್ಟೇ ಇದ್ದರೆ ಮರ್ಯಾದೆಯಿಂದ ವಾಪಸ್ ಕೊಟ್ಟು ಕೇಳಿ: ಯಾವ ಕೈ, ಯಾವ ಬೆರಳು, ಯಾವುದರಿಂದ ಅಂತ ಬರೆಯಿರಿ. ಡಾಕ್ಟರು ಬೇಜಾರು ಮಾಡಿಕೊಂಡರೂ ಬರೆಸಿಕೊಂಡೇ ಬನ್ನಿ.